ವರ್ಗಮೂಲ ತೆಗೆದು ವರ್ಗಸಮೀಕರಣ ಬಿಡಿಸುವುದು

ವರ್ಗಸಮೀಕರಣ ಕಂಡ ಕೂಡಲೇ ಸೂತ್ರಕ್ಕೆ ಕೈಹಾಕಬೇಡಿ. ಚರಾಕ್ಷರ ಯ ಎಂದಿಟ್ಟುಕೊಳ್ಳೋಣ. ಯ² ಮತ್ತು ಬರಿಯ ಸಂಖ್ಯೆ ಮಾತ್ರ ಇದ್ದು, ಬಿಡಿ ಯ ಎಲ್ಲೂ ಇಲ್ಲದಿದ್ದರೆ ಅದು ಶುದ್ಧ ವರ್ಗಸಮೀಕರಣ. ಮೂರೇ ಸಾಲಿನಲ್ಲಿ ಮುಗಿಯುತ್ತದೆ.

3ಯ² − 75 = 0 ತೆಗೆದುಕೊಳ್ಳಿ. ಪಕ್ಷಾಂತರಿಸಿದರೆ 3ಯ² = 75. ಎರಡೂ ಕಡೆ 3ರಿಂದ ಭಾಗಿಸಿದರೆ ಯ² = 25. ಈಗ ವರ್ಗಮೂಲ: ಯ = ±5. ಭಾಗಿಸುವ ಮೊದಲೇ ಅವಸರದಲ್ಲಿ 3ಯ = √75 ಎಂದು ಬರೆದರೆ ಲೆಕ್ಕ ಕೆಟ್ಟಿತು. 3ಯ²ದಲ್ಲಿ ವರ್ಗ ಇರುವುದು ಯಗೆ ಮಾತ್ರ. 3ರ ವರ್ಗಮೂಲ √3, 3 ಅಲ್ಲ.

ಅತಿ ಹೆಚ್ಚು ಅಂಕ ಹೋಗುವುದು ± ಚಿಹ್ನೆಯಲ್ಲಿ. √25ರ ಬೆಲೆ 5 ಮಾತ್ರ. ಆದರೆ ಯ² = 25 ಕೇಳುವುದು ಬೇರೆ: ಯಾವ ಸಂಖ್ಯೆಯನ್ನು ಅದರಿಂದಲೇ ಗುಣಿಸಿದರೆ 25 ಬರುತ್ತದೆ? 5 ಸರಿ, −5 ಕೂಡ ಸರಿ. ಹಾಗಾಗಿ ± ಅನ್ನು ನಾವೇ ಹಾಕಬೇಕು, ಅದೂ ವರ್ಗಮೂಲ ತೆಗೆದ ಸಾಲಿನಲ್ಲೇ. 2(ಯ + 1)² = 36 ನೋಡಿ. ಭಾಗಿಸಿದರೆ (ಯ + 1)² = 18, ಆಮೇಲೆ ಯ + 1 = ±3√2, ಕೊನೆಗೆ ಯ = −1 ± 3√2. ಸುಮಾರು 3.24 ಮತ್ತು −5.24. ± ಮರೆತು ಕೊನೆಯಲ್ಲಿ ±(−1 + 3√2) ಎಂದು ಹಚ್ಚಿದರೆ ಎರಡನೆಯ ಮೂಲ (ಸಮೀಕರಣಕ್ಕೆ ಹೊಂದುವ ಯ ಬೆಲೆ) −3.24 ಆಗಿಬಿಡುತ್ತದೆ, ಅದು ತಪ್ಪು.

ಯ² + 9 = 0 ಬಂದರೆ ಯ² = −9. ವಾಸ್ತವ ಮೂಲಗಳಿಲ್ಲ ಎಂದು ಬರೆದು ನಿಲ್ಲಿಸಿ; ±3 ಎಂದು ಬರೆಯಬೇಡಿ. ಧನಸಂಖ್ಯೆಗೆ ಎರಡು ವರ್ಗಮೂಲ, ಋಣಸಂಖ್ಯೆ ಯಾವುದರ ವರ್ಗವೂ ಅಲ್ಲವಾದ್ದರಿಂದ ಅದಕ್ಕೆ ವರ್ಗಮೂಲವಿಲ್ಲ ಎಂದು 12ನೇ ಶತಮಾನದಲ್ಲೇ ಭಾಸ್ಕರಾಚಾರ್ಯರು ಸ್ಪಷ್ಟವಾಗಿ ಹೇಳಿದ್ದಾರೆ.

ಹೇಳಿಕೆ ಲೆಕ್ಕಗಳಲ್ಲಿ ಒಂದು ಮೂಲವನ್ನು ಬಿಡಬೇಕಾಗಬಹುದು. 44.1 ಮೀಟರ್ ಎತ್ತರದಿಂದ ಕೈಬಿಟ್ಟ ಕಲ್ಲು ಯ ಸೆಕೆಂಡಿನಲ್ಲಿ ನೆಲ ಮುಟ್ಟಿದರೆ, ಗಾಳಿಯ ತಡೆ ಲೆಕ್ಕಿಸದೆ, ಬಿದ್ದ ದೂರ 4.9ಯ² ಮೀಟರ್; ಹಾಗಾಗಿ 4.9ಯ² = 44.1. ಯ² = 9, ಯ = ±3. ಕಾಲ ಋಣವಾಗದು, ಉತ್ತರ 3 ಸೆಕೆಂಡು. ಬಿಟ್ಟದ್ದೇಕೆಂದು ಒಂದು ಸಾಲು ಬರೆಯಿರಿ.

ಬಿಡಿ ಯ ಇದ್ದರೂ ಈ ದಾರಿ ಪೂರ್ತಿ ಮುಚ್ಚಿಲ್ಲ, ವರ್ಗ ಪೂರ್ಣಗೊಳಿಸಬೇಕು ಅಷ್ಟೆ. ಯ² + 6ಯ = 7ರಲ್ಲಿ 6ರ ಅರ್ಧ 3, ಅದರ ವರ್ಗ 9. ಎರಡೂ ಕಡೆ 9 ಕೂಡಿಸಿ: (ಯ + 3)² = 16. ಯ + 3 = ±4; ಯ = 1 ಅಥವಾ −7. ತಾಳೆ ನೋಡಿ: 1 + 6 = 7, 49 − 42 = 7.