ಎಣ್ಣೆ ಬಾಣಲೆ ಇಡದೆ ಜನರಲ್ ತ್ಸೋ ಚಿಕನ್: ನನ್ನ ಅನುಭವ

ಕರಿದ ಚಿಕನ್ ತುಂಡುಗಳಿಗೆ ಸಿಹಿ, ಹುಳಿ, ಖಾರದ ಸಾಸ್ ಬೆರೆಸಿದ ಜನರಲ್ ತ್ಸೋ ಚಿಕನ್ ಅಮೆರಿಕದ ಚೈನೀಸ್ ಹೋಟೆಲುಗಳ ಅಡುಗೆ. ಅದನ್ನು ಓವನ್‌ನಲ್ಲಿ ಮಾಡಿದರೆ ಗರಿಗರಿಯಾಗುವುದೇ ಇಲ್ಲ ಎಂದವರೆಲ್ಲ ಈಗ ಹೇಗೆ ಮಾಡಿದೆ ಎಂದು ಕೇಳುತ್ತಿದ್ದಾರೆ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ. ಸಾಸ್ ಬೆರೆಸಿ ಹತ್ತು ನಿಮಿಷ ಆದ ಮೇಲೂ ನನ್ನ ಚಿಕನ್ ಕಚ್ಚಿದರೆ ಕುರುಕುರು ಎನ್ನುತ್ತದೆ. ಒಂದೂವರೆ ಪೌಂಡ್ ಚಿಕನ್‌ಗೆ ಹಾಕುವುದು ಎರಡು ದೊಡ್ಡ ಚಮಚ ಎಣ್ಣೆ, ಅಷ್ಟೇ.

ನಾವಿರುವುದು ನ್ಯೂಜೆರ್ಸಿಯಲ್ಲಿ. ಶುಕ್ರವಾರ ಸಂಜೆ ಆಯಿತೆಂದರೆ ಮಕ್ಕಳಿಗೆ ಚೈನೀಸ್ ಟೇಕ್‌ಔಟ್ ಬೇಕು. ನಾಲ್ಕು ಜನಕ್ಕೆ ಎರಡು ಡಬ್ಬಿ ಚಿಕನ್, ಟ್ಯಾಕ್ಸ್, ಟಿಪ್ಸ್ ಎಲ್ಲ ಸೇರಿ 40 ಡಾಲರ್ ಹತ್ತಿರ ಹೋಗುತ್ತಿತ್ತು. ದುಡ್ಡಿಗಿಂತ ಜಾಸ್ತಿ ಚುಚ್ಚಿದ್ದು ಇನ್ನೊಂದು ಲೆಕ್ಕ. ಸಿಎಸ್‌ಪಿಐ ಅನ್ನುವ ಇಲ್ಲಿನ ಗ್ರಾಹಕರ ಸಂಸ್ಥೆ 2007ರಲ್ಲಿ ಈ ಚೈನೀಸ್ ಊಟಗಳನ್ನು ಪರೀಕ್ಷೆ ಮಾಡಿಸಿತ್ತು. ಒಂದು ಆರ್ಡರ್ ಜನರಲ್ ತ್ಸೋ ಅಂದರೆ ಸುಮಾರು 1300 ಕ್ಯಾಲರಿ, 3200 ಮಿಲಿಗ್ರಾಂ ಸೋಡಿಯಂ. ದೊಡ್ಡವರಿಗೆ ಇಡೀ ದಿನಕ್ಕೆ 2300 ಮಿಲಿಗ್ರಾಂ ದಾಟಬಾರದು ಎಂಬುದು ಇಲ್ಲಿನ ಸರ್ಕಾರದ ಸಲಹೆ. ಒಂದು ಡಬ್ಬಿಯನ್ನು ಇಬ್ಬರು ಹಂಚಿಕೊಂಡರೂ ಜಾಸ್ತಿಯೇ ಅಲ್ವಾ?

ಮನೆಯಲ್ಲೇ ಕರಿದು ನೋಡಿದ್ದೆವು. ಸ್ಮೋಕ್ ಅಲಾರಾಂ ಕೂಗುತ್ತದೆ, ಉಳಿದ ಒಂದು ಲೀಟರ್ ಎಣ್ಣೆಯನ್ನು ಏನು ಮಾಡುವುದು ತಿಳಿಯುವುದಿಲ್ಲ. ಹಾಗಾಗಿ ಓವನ್ ಹಿಡಿದೆ. ಆಗ ಊರಿಂದ ಬಂದಿದ್ದ ಅತ್ತಿಗೆ, "ಎಣ್ಣೆಗೆ ಬಿಡದೆ ಗರಿಗರಿ ಎಲ್ಲಿಂದ ಬರುತ್ತೆ ಹೇಳು?" ಎಂದರು. ಕನ್ನಡ ಕೂಟದ ಗೆಳೆಯರೂ ಅದನ್ನೇ ಹೇಳಿದರು.

ಕೆಲವು ವಾರ ಅವರ ಮಾತೇ ನಿಜವಾಯಿತು. ಕಾರ್ನ್‌ಸ್ಟಾರ್ಚ್‌ನಲ್ಲಿ (ಊರಲ್ಲಿ ಕಾರ್ನ್‌ಫ್ಲೋರ್ ಅನ್ನುವುದು ಇದನ್ನೇ) ಹೊರಳಿಸಿ ಬೇಕ್ ಮಾಡಿದರೆ ಅಲ್ಲಲ್ಲಿ ಬಿಳಿ ಹಿಟ್ಟು ಹಾಗೇ ಉಳಿಯಿತು, ಹಸಿ ವಾಸನೆ ಬೇರೆ. ಮೊಟ್ಟೆ ಬೆರೆಸಿದ ಹಿಟ್ಟಿನಲ್ಲಿ ಅದ್ದಿದರೆ ಅದೆಲ್ಲ ಕೆಳಗಿಳಿದು ಟ್ರೇಗೆ ಅಂಟಿತು. ಅರ್ಧ ಬೆಂದ ಚಿಕನ್ ಮೇಲೆ ಸಾಸ್ ಸುರಿದು ಮುಕ್ಕಾಲು ಗಂಟೆ ಬೇಯಿಸುವ ವಿಧಾನವನ್ನು ಹಲವರು ಹೊಗಳುತ್ತಾರೆ. ರುಚಿ ಪರವಾಗಿಲ್ಲ, ಆದರೆ ಮೆತ್ತಗೆ, ಜೊತೆಗೆ ಸಾಸ್‌ನ ಸಕ್ಕರೆ ಅಂಚಿನಲ್ಲಿ ಸೀದು ಟ್ರೇ ಉಜ್ಜಿ ಉಜ್ಜಿ ಕೈ ನೋವು. ಪ್ಯಾಂಕೊ ಬ್ರೆಡ್ ಪುಡಿ ಹಚ್ಚಿದೆ. ಅದು ಕೆಂಪಾಗುವ ಹೊತ್ತಿಗೆ ಒಳಗಿನ ಬ್ರೆಸ್ಟ್ ಪೀಸ್ ಒಣಗಿ ನಾರಾಗಿತ್ತು. ಇದಕ್ಕೆಲ್ಲ ಹೋದ ಚಿಕನ್ನೇ 60–70 ಡಾಲರ್‌ನಷ್ಟು ಇರಬೇಕು.

ದಾರಿ ಸಿಕ್ಕಿದ್ದು ಅಲ್ಲೇ. ಉಪ್ಪಿಟ್ಟಿಗೆ ರವೆಯನ್ನು ಮೊದಲೇ ಹುರಿದಿಟ್ಟುಕೊಳ್ಳುತ್ತೇವೆ. ಪ್ಯಾಂಕೊವನ್ನೂ ಹಾಗೇ ಮಾಡಿದರಾಯಿತು. ಬಣ್ಣ, ಗರಿಗರಿ ಎರಡೂ ಬಾಣಲೆಯಲ್ಲೇ ಬಂದುಬಿಟ್ಟರೆ ಓವನ್‌ಗೆ ಉಳಿಯುವ ಕೆಲಸ ಚಿಕನ್ ಬೇಯಿಸುವುದೊಂದೇ. ಒಂದೂವರೆ ಕಪ್ ಪ್ಯಾಂಕೊವನ್ನು ಕೈಯಲ್ಲಿ ಸ್ವಲ್ಪ ಹಿಸುಕಿ, ಎರಡು ದೊಡ್ಡ ಚಮಚ ಎಣ್ಣೆ ಹಾಕಿ, ಸಣ್ಣ ಉರಿಯಲ್ಲಿ ಹುರಿಯುತ್ತೇನೆ. ನಿಮಗೆ ಕೊನೆಗೆ ಯಾವ ಬಣ್ಣ ಬೇಕೋ ಅದಕ್ಕಿಂತ ಒಂದು ಚೂರು ಮೊದಲೇ ಇಳಿಸಿ. ಬಿಸಿ ಬಾಣಲೆಯಲ್ಲೇ ಬಿಟ್ಟರೆ ಕಪ್ಪಾಗುತ್ತದೆ, ತಟ್ಟೆಗೆ ಸುರಿದುಬಿಡಿ.

ಬ್ರೆಸ್ಟ್ ಬಿಟ್ಟು ಬೋನ್‌ಲೆಸ್ ಥೈ, ಅಂದರೆ ಮೂಳೆಯಿಲ್ಲದ ತೊಡೆ ಭಾಗ ತೆಗೆದುಕೊಂಡೆ. ಬ್ರೆಸ್ಟ್‌ಗಿಂತ ಸ್ವಲ್ಪ ಕೊಬ್ಬು ಜಾಸ್ತಿ, ಆದರೆ ಒಣಗುವುದಿಲ್ಲ. ಬ್ರೆಸ್ಟ್ ಹಾಕಿದರಷ್ಟೇ ಹಗುರ ಅನ್ನುವವರ ಮಾತು ನನಗೆ ಒಪ್ಪಿಗೆಯಿಲ್ಲ. ಕ್ಯಾಲರಿ ಬಹಳಷ್ಟು ಇರುವುದು ಕರಿದ ಹಿಟ್ಟಿನಲ್ಲಿ ಮತ್ತು ಸಾಸ್‌ನ ಸಕ್ಕರೆಯಲ್ಲಿ. ಇಂಚಿನ ತುಂಡು ಮಾಡಿ ಸೋಯಾ, ಶುಂಠಿ, ಸ್ವಲ್ಪ ರೈಸ್ ವೈನ್‌ನಲ್ಲಿ ಅರ್ಧ ಗಂಟೆ ನೆನೆಸುತ್ತೇನೆ. ಇನ್ನೂ ಒಂದು ಪದಾರ್ಥ ಚಿಟಿಕೆಯಷ್ಟು ಬೀಳುತ್ತದೆ, ಅದನ್ನು ಮಾತ್ರ ಅತ್ತಿಗೆಗೂ ಹೇಳಿಲ್ಲ. ಆಮೇಲೆ ಕಾರ್ನ್‌ಸ್ಟಾರ್ಚ್, ಕಡೆದ ಮೊಟ್ಟೆಯ ಬಿಳಿ, ಕೊನೆಗೆ ಹುರಿದ ಪ್ಯಾಂಕೊ, ಈ ಕ್ರಮದಲ್ಲಿ. ಒತ್ತಿ ಹಚ್ಚಿ.

ಟ್ರೇ ಮೇಲೆ ವೈರ್ ರ‍್ಯಾಕ್ ಇರಲೇಬೇಕು. ಇಲ್ಲದಿದ್ದರೆ ಚಿಕನ್ ಬಿಟ್ಟ ನೀರು ಅಡಿಯಲ್ಲೇ ನಿಂತು ತಳ ಮೆತ್ತಗಾಗುತ್ತದೆ. ಎರಡೂ ಸೇರಿ 25 ಡಾಲರ್ ಆಯಿತು, ನಾನು ಹಾಕಿದ ದುಡ್ಡಿನಲ್ಲಿ ಇದೇ ಸಾರ್ಥಕ. 425 ಡಿಗ್ರಿ ಫ್ಯಾರನ್‌ಹೀಟ್, ಅಂದರೆ ಸುಮಾರು 220 ಸೆಲ್ಸಿಯಸ್, 15ರಿಂದ 18 ನಿಮಿಷ. ಮಗುಚುವ ಕೆಲಸವಿಲ್ಲ. ಚಿಕನ್ ಒಳಗೆ 165 ಡಿಗ್ರಿ ಫ್ಯಾರನ್‌ಹೀಟ್ ಮುಟ್ಟಿದರೆ ತಿನ್ನಬಹುದು, ಆದರೆ ಥೈ 175ಕ್ಕೆ ಹೋದರೆ ಇನ್ನೂ ಮೃದು.

ನಡುವೆ ಬೇರೆ ಬೇರೆ ಪ್ರಯೋಗಗಳೂ ನಡೆದವು. ತೆಳು ಅವಲಕ್ಕಿ ಹುರಿದು ಪುಡಿ ಮಾಡಿ ಹಚ್ಚಿದೆ. ಒಣದಾಗಿ ತಿಂದರೆ ಪ್ಯಾಂಕೊಗಿಂತ ಚೆನ್ನ, ಸಾಸ್ ತಾಗಿದ್ದೇ ತಡ ಎಲ್ಲ ಹೀರಿಕೊಂಡು ಜಗಿಯುವಂತಾಗುತ್ತದೆ. ಚಿರೋಟಿ ರವೆ ಮರಳು ಮರಳು. ಸಕ್ಕರೆ ಬದಲು ಬೆಲ್ಲ ಹಾಕಿದ ಸಾಸ್ ಅತ್ತಿಗೆಗೆ ಬಹಳ ಹಿಡಿಸಿತು, ನನಗೆ ಬೆಲ್ಲದ ಘಮವೇ ಮುಂದೆ ಬಂತು ಅನ್ನಿಸಿತು. ಚಿಕನ್ ತಿನ್ನದವರಿಗೆ ಹೂಕೋಸಿನಲ್ಲೂ ಮಾಡಿದೆ. ಹತ್ತು ನಿಮಿಷ ಬರೀ ಹೂಕೋಸನ್ನೇ ಓವನ್‌ನಲ್ಲಿಟ್ಟು ನೀರು ಆರಿಸಿಕೊಂಡರೆ ಮಾತ್ರ ಸರಿಬರುತ್ತದೆ.

ಸಾಸ್‌ಗೆ ಸಿಹಿ ಕಡಿಮೆ ಮಾಡಿದಾಗ, ಇದು ಜನರಲ್ ತ್ಸೋ ಅಲ್ಲವೇ ಅಲ್ಲ ಎಂದು ಒಬ್ಬರು ವಾದ ಹೂಡಿದರು. ಈ ಅಡುಗೆಯನ್ನು ಮೊದಲು ಮಾಡಿದವರು ಚೀನಾದ ಹುನಾನ್ ಪ್ರಾಂತ್ಯದ ಬಾಣಸಿಗ ಪೆಂಗ್ ಚಾಂಗ್-ಕ್ವೇ, ಅದೂ 1950ರ ದಶಕದಲ್ಲಿ, ತೈವಾನ್‌ನಲ್ಲಿ. ಹೆಸರು ಮಾತ್ರ 19ನೇ ಶತಮಾನದ ಹುನಾನ್‌ನ ಸೇನಾಪತಿಯದು. ಪೆಂಗ್ ಅವರ ಮೂಲ ಅಡುಗೆಯಲ್ಲಿ ಸಕ್ಕರೆ ಇರಲಿಲ್ಲ. ಹುಳಿ, ಉಪ್ಪು, ಖಾರ ಮುಂದಿದ್ದವು. ಸಿಹಿ ಸೇರಿದ್ದು 1970ರ ದಶಕದ ನ್ಯೂಯಾರ್ಕ್‌ನಲ್ಲಿ. ಹಾಗಾಗಿ ಸಕ್ಕರೆ ಇಳಿಸಿದ ನಾನು ಮೂಲಕ್ಕೇ ಹತ್ತಿರ ಹೋಗಿದ್ದೇನೆ ಎಂದು ಧೈರ್ಯವಾಗಿ ಹೇಳುತ್ತೇನೆ.

ನನ್ನ ಸಾಸ್‌ಗೆ ಉಪ್ಪು ಕಡಿಮೆ ಇರುವ ಸೋಯಾ ಮೂರು ದೊಡ್ಡ ಚಮಚ, ರೈಸ್ ವಿನೆಗರ್ ಎರಡು, ಸಕ್ಕರೆ ಎರಡು, ಉಪ್ಪಿಲ್ಲದ ಚಿಕನ್ ಸ್ಟಾಕ್ ಅರ್ಧ ಕಪ್, ಗಟ್ಟಿ ಮಾಡಲು ಕಾರ್ನ್‌ಸ್ಟಾರ್ಚ್. ಶುಂಠಿ, ಬೆಳ್ಳುಳ್ಳಿ ಜೊತೆ ಒಗ್ಗರಣೆಗೆ ಇಂಡಿಯನ್ ಅಂಗಡಿಯ ಬ್ಯಾಡಗಿ ಮೆಣಸಿನಕಾಯಿ ಮುರಿದು ಹಾಕುತ್ತೇನೆ. ಖಾರ ಕಮ್ಮಿ, ಬಣ್ಣ ಜೋರು, ಮಕ್ಕಳೂ ತಿನ್ನುತ್ತಾರೆ. ಸಾಸ್ ಒಂದೆಳೆ ಪಾಕದ ಹದಕ್ಕೆ ಸ್ವಲ್ಪ ಮುಂಚೆ ಇರಬೇಕು. ತೆಳ್ಳಗಿದ್ದರೆ ಪ್ಯಾಂಕೊ ನೆನೆದುಬಿಡುತ್ತದೆ. ಇದರಲ್ಲೂ ಒಂದು ಗುಟ್ಟಿದೆ, ಬೆರೆಸುವ ಹೊತ್ತಿನದು. ನೀವೇ ಎರಡು ಸಲ ಮಾಡಿದರೆ ಗೊತ್ತಾಗುತ್ತದೆ.

ನನ್ನ ಅಂದಾಜಿನಲ್ಲಿ ಅನ್ನ ಬಿಟ್ಟು ಒಬ್ಬರ ಪಾಲಿಗೆ 400–450 ಕ್ಯಾಲರಿ, ಸೋಡಿಯಂ 700 ಮಿಲಿಗ್ರಾಂ ಆಸುಪಾಸು. ಖರ್ಚು ನಾಲ್ಕು ಜನಕ್ಕೆ ಸೇರಿ 8–9 ಡಾಲರ್. ಕಳೆದ ಯುಗಾದಿ ಮರುದಿನದ ಪಾಟ್‌ಲಕ್‌ಗೆ (ಎಲ್ಲರೂ ಒಂದೊಂದು ಅಡುಗೆ ತಂದು ಹಂಚಿಕೊಳ್ಳುವ ಊಟ) ಎರಡು ಟ್ರೇ ಒಯ್ದಿದ್ದೆ. ಕರಿದದ್ದಲ್ಲ ಎಂದು ನಾನೇ ಹೇಳುವವರೆಗೂ ಯಾರಿಗೂ ಗೊತ್ತಾಗಲಿಲ್ಲ. ಹೀಗೆ ಒಯ್ಯುವುದಾದರೆ ಸಾಸ್ ಬೇರೆ ಡಬ್ಬಿಯಲ್ಲಿರಲಿ, ಚಿಕನ್ ಮೇಲೆ ಮುಚ್ಚಳ ಬೇಡ. ಅಲ್ಲಿ ಓವನ್ ಸಿಕ್ಕರೆ 400 ಡಿಗ್ರಿ ಫ್ಯಾರನ್‌ಹೀಟ್‌ನಲ್ಲಿ ಐದು ನಿಮಿಷ ಬಿಸಿ ಮಾಡಿ, ಬಡಿಸುವಾಗಲೇ ಬೆರೆಸಿ.