ತಾರಸಿ ಮೇಲೆ ಹಾರಿಸಿದ ಅಂತರಿಕ್ಷ ನೌಕೆ: ನನ್ನ ಅನುಭವ

"ಮಿನಿಯೇಚರ್ ಕಾಲ ಮುಗೀತು ಗುರು, ಸುಮ್ನೆ ಸಿ.ಜಿ. ಮಾಡಿಸು." ನಮ್ಮ ತಂಡದಲ್ಲೇ ಎಲ್ಲರ ಮಾತು ಇದಾಗಿತ್ತು. ಮಿನಿಯೇಚರ್ ಅಂದರೆ ಪುಟ್ಟ ಮಾದರಿ ಕಟ್ಟಿ ದೊಡ್ಡದಾಗಿ ಕಾಣುವಂತೆ ಶೂಟ್ ಮಾಡುವುದು, ಸಿ.ಜಿ. ಅಂದರೆ ಕಂಪ್ಯೂಟರ್ ಗ್ರಾಫಿಕ್ಸ್. ಸಿ.ಜಿ.ಗೆ ಸಿಕ್ಕ ಕೊಟೇಶನ್ ಮೂರೂವರೆ ಲಕ್ಷ. ಇಡೀ ಚಿತ್ರದ ಬಜೆಟ್ಟೇ ಸುಮಾರು 14 ಲಕ್ಷ! ನೌಕೆಯನ್ನು ನಾನೇ ಕಟ್ಟುತ್ತೇನೆ ಎಂದೆ. ಕೊನೆಗೆ ಹತ್ತು ಹನ್ನೆರಡು ಶಾಟ್‌ಗಳಿಗೆ ಆದ ಖರ್ಚು 25 ಸಾವಿರದ ಆಸುಪಾಸು.

ಇಂಥ ಚಿತ್ರಗಳಲ್ಲಿ ಆರ್ಟ್, ಸೌಂಡ್, ಕಂಪೋಸಿಟಿಂಗ್ (ಬೇರೆ ಬೇರೆ ಶಾಟ್‌ಗಳನ್ನು ಕಂಪ್ಯೂಟರ್‌ನಲ್ಲಿ ಒಂದಾಗಿಸುವುದು) ಮೂರೂ ನನ್ನವೇ. ಸಂಬಳ ಒಬ್ಬರದ್ದು. ಆದರೆ ಕಂಪ್ಯೂಟರ್‌ನಲ್ಲಿ ಏನನ್ನು ಸುಲಭವಾಗಿ ಅಳಿಸಬಹುದು ಅಂತ ಗೊತ್ತಿದ್ದರೆ ಸೆಟ್‌ನಲ್ಲಿ ದುಡ್ಡು ಉಳಿಯುತ್ತದೆ. ಕ್ಯಾಮೆರಾಗೆ ಕಾಣದ ಬಲಮಗ್ಗುಲನ್ನು ನಾನು ಕಟ್ಟಲೇ ಇಲ್ಲ. ಅಲ್ಲಿಂದಲೇ ಕಬ್ಬಿಣದ ಪೈಪ್ ಕೊಟ್ಟು ನಿಲ್ಲಿಸಿದೆ.

ನೌಕೆಯ ಉದ್ದ ಎರಡೂವರೆ ಅಡಿ, ಅಳತೆ 1:16, ಅಂದರೆ ಕಥೆಯ ನೌಕೆಯ ಹದಿನಾರನೇ ಒಂದು ಪಾಲು. ಮೈಗೆ ಸನ್‌ಬೋರ್ಡ್ ಎಂಬ ಹಗುರ ಪ್ಲಾಸ್ಟಿಕ್ ಫೋಮ್ ಹಾಳೆ. ಮೇಲಿನ ಚೂರುಪಾರೆಲ್ಲ ಎಸ್.ಪಿ. ರೋಡ್‌ನಿಂದ ತಂದ ಹಳೆ ಪ್ರಿಂಟರ್ ಗಿಯರ್, ಕಂಪ್ಯೂಟರ್ ಚಿಪ್ ತಣಿಸುವ ಹೀಟ್‌ಸಿಂಕ್.

ತೊಂದರೆ ಶುರುವಾಗಿದ್ದು ಲೈಟ್‌ನಲ್ಲಿ. 16ರ ವರ್ಗಮೂಲ 4. ಅಂದರೆ ಪುಟ್ಟ ನೌಕೆ ದೊಡ್ಡದರಂತೆ ಭಾರವಾಗಿ, ನಿಧಾನವಾಗಿ ಚಲಿಸಿದಂತೆ ಕಾಣಬೇಕಾದರೆ ಸಿನಿಮಾದ ಮಾಮೂಲಿ 24 ಫ್ರೇಮ್‌ನ ನಾಲ್ಕು ಪಟ್ಟು, ಸೆಕೆಂಡಿಗೆ 96 ಫ್ರೇಮ್ ಓಡಿಸಬೇಕು. ಎಲ್ಲವೂ ಫೋಕಸ್‌ನಲ್ಲಿರಲು ಎಫ್ 16 ಬೇಕು, ಅಂದರೆ ಲೆನ್ಸ್‌ನ ಕಿಂಡಿ ಕಿರಿದಾಗಬೇಕು. ಎರಡೂ ಸೇರಿದರೆ ಬೆಳಕು ಎಷ್ಟಿದ್ದರೂ ಸಾಲದು, ಅಲ್ವಾ? ದಿನಕ್ಕೆ ನಾಲ್ಕೈದು ಸಾವಿರ ಕೊಟ್ಟು ಎಲ್‌ಇಡಿ ತರಿಸಿದೆವು. ಅಗ್ಗದ ಮಾಲು. ನಮ್ಮ 50 ಹರ್ಟ್ಸ್ ಕರೆಂಟ್‌ನಲ್ಲಿ ಅದು ಸೆಕೆಂಡಿಗೆ 100 ಸಲ ಮಿನುಗುತ್ತದೆ. 96 ಫ್ರೇಮ್‌ಗೆ ಹೊಂದಲೇ ಇಲ್ಲ. ಇಡೀ ಫುಟೇಜ್ ಜಗಜಗ. ಕ್ಯಾಮೆರಾ ಬಾಡಿಗೆಯೂ ಹೋಯಿತು. "ನಾವು ಆಗ್ಲೇ ಹೇಳಿದ್ವಿ" ಅಂದವರೇ ಜಾಸ್ತಿ.

ಮಾರನೇ ವಾರ ಎಲ್ಲವನ್ನೂ ತಾರಸಿಗೆ ಸಾಗಿಸಿದೆ. ಬಾಹ್ಯಾಕಾಶದಲ್ಲಿ ಬೆಳಕಿನ ಮೂಲ ಒಂದೇ, ನೆರಳು ಕಡುಕಪ್ಪು. ಬೆಂಗಳೂರಿನ ಫೆಬ್ರವರಿ ಬಿಸಿಲು ಅದೇ ಕೆಲಸವನ್ನು ಬಿಟ್ಟಿಯಾಗಿ ಮಾಡುತ್ತದೆ. ಮಿನುಗುವುದೂ ಇಲ್ಲ. ಹಿಂದೆ ಚಿಕ್ಕಪೇಟೆಯ ಕಪ್ಪು ವೆಲ್ವೆಟ್. ಕಾಟನ್ ತರಬೇಡಿ, ಬಿಸಿಲಿಗೆ ಬೂದಿ ಬಣ್ಣ ಕಾಣುತ್ತದೆ. ಬೆಳಿಗ್ಗೆ ಒಂಬತ್ತರ ಒಳಗಿನ ಓರೆ ಬಿಸಿಲಲ್ಲಿ ಮೈಮೇಲಿನ ಒಂದೊಂದು ಗೆರೆಯೂ ಎದ್ದು ಬರುತ್ತದೆ. ಹತ್ತರ ಮೇಲೆ ಗಾಳಿ ಎದ್ದರೆ ಪ್ಯಾಕಪ್.

ಗ್ರಹದ ಮಂಜಿಗೆ ಸಾಂಬ್ರಾಣಿ ಹಾಕಿ ನೋಡಿದೆ. ಹೊಗೆ ಸುರುಳಿ ಸುತ್ತುತ್ತದೆ. ಸುರುಳಿ ಕಂಡ ತಕ್ಷಣ ಇದು ಆಟಿಕೆ ಅಂತ ಗೊತ್ತಾಗುತ್ತದೆ. ಕೈಬಿಟ್ಟೆ. ನೆಲದ ಧೂಳಿಗೆ ಜರಡಿ ಹಿಡಿದ ರಂಗೋಲಿ ಪುಡಿ ಬಳಸಿದೆ. ಅದಕ್ಕೆ ಇನ್ನೆರಡು ಪುಡಿ ಸೇರಿಸಿದ್ದೇನೆ. ಅವು ಯಾವುವು ಅಂತ ಈಗ ಹೇಳಲಾರೆ, ಮುಂದಿನ ಚಿತ್ರದಲ್ಲೂ ಅದೇ ನನ್ನ ಬಂಡವಾಳ.

ಈ ನಡುವೆ ಒಂದು ಸೌಂಡ್ ಪ್ರಯೋಗ. ಇಪ್ಪತ್ತು ರೂಪಾಯಿಯ ಪೀಜೋ ಡಿಸ್ಕನ್ನು (ಕಂಪನವನ್ನು ವಿದ್ಯುತ್ ಸಂಕೇತವಾಗಿಸುವ ಬಿಲ್ಲೆ, ಮೈಕ್‌ನಂತೆ) ಉದ್ದನೆಯ ಸ್ಪ್ರಿಂಗ್‌ನ ಒಂದು ತುದಿಗೆ ಅಂಟಿಸಿ, ಇನ್ನೊಂದು ತುದಿಗೆ ಚಮಚದಿಂದ ಹೊಡೆದೆ. ಸ್ಪ್ರಿಂಗ್‌ನಲ್ಲಿ ತಾರಕ ಸ್ವರ ಮೊದಲು ಬರುತ್ತದೆ, ಮಂದ್ರ ಆಮೇಲೆ. "ಪ್ಯೂಂ!" ನಮ್ಮ ಲೇಸರ್ ಗನ್‌ಗಳೆಲ್ಲ ಅದೇ.

ಚಿತ್ರದ ಕಲರ್ ಹೊಂದಿಸಿದವರು ನೌಕೆಯ ಶಾಟ್ ನೋಡಿ, "ಯಾವ ಸಾಫ್ಟ್‌ವೇರ್ ಸಾರ್?" ಎಂದು ಕೇಳಿದರು. ಆ ದಿನ ನನಗಾದ ಖುಷಿ ಅಷ್ಟಿಷ್ಟಲ್ಲ.

ನೀರಿನ ಶಾಟ್‌ಗೆ ಮಾತ್ರ ಈ ಅಳತೆ ಬೇಡ. ನೌಕೆ ಎಷ್ಟೇ ಚಿಕ್ಕದಾದರೂ ನೀರಿನ ಹನಿ ಚಿಕ್ಕದಾಗುವುದಿಲ್ಲ. ಅದಕ್ಕೆ 1:4ರಷ್ಟು ದೊಡ್ಡದು ಕಟ್ಟಿ, ಇಲ್ಲವೇ ಕಥೆಗಾರರಿಗೆ ಹೇಳಿ ನೌಕೆಯನ್ನು ಒಣನೆಲದಲ್ಲೇ ಇಳಿಸಿ.