ಗ್ರೂಪಿಗೆ ಅಂಥ ವಿಡಿಯೋ ಬಂದರೆ ಏನು ಮಾಡಬೇಕು?

ತೀರ್ಥಹಳ್ಳಿ ಕಡೆಯ ಅಡಿಕೆ ರೇಟಿನ ಗ್ರೂಪೊಂದರಲ್ಲಿ ಮೊನ್ನೆ ಯಾರದೋ ಖಾಸಗಿ ಲೈಂಗಿಕ ವಿಡಿಯೋ ಬಂದಿತ್ತು. ಕೆಳಗೆ ನಗುವ ಎಮೋಜಿಗಳ ಸಾಲು. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

"ನಾನು ತೆಗೆದದ್ದಲ್ಲ, ಬಂದದ್ದನ್ನು ಸುಮ್ನೆ ಕಳಿಸಿದೆ" ಎಂದರೆ ಕಾನೂನು ಒಪ್ಪುವುದಿಲ್ಲ. ಮಾಹಿತಿ ತಂತ್ರಜ್ಞಾನ (ಐಟಿ) ಕಾಯ್ದೆಯ 67ಎ ಕಲಂ ಪ್ರಕಾರ ಅಂಥ ವಿಡಿಯೋ ಹಂಚಿದರೆ ಮೊದಲ ಸಲಕ್ಕೇ 5 ವರ್ಷದವರೆಗೆ ಜೈಲು, 10 ಲಕ್ಷ ರೂಪಾಯಿವರೆಗೆ ದಂಡ.

ಮಕ್ಕಳದ್ದಾದರೆ ಹಂಚುವುದಷ್ಟೇ ಅಲ್ಲ, ಹುಡುಕುವುದು, ಡೌನ್‌ಲೋಡ್ ಮಾಡುವುದೂ 67ಬಿ ಅಡಿ ಅಪರಾಧ. ಜೊತೆಗೆ ಮಕ್ಕಳ ಮೇಲಿನ ಲೈಂಗಿಕ ಅಪರಾಧಕ್ಕೆಂದೇ ಇರುವ ಪೋಕ್ಸೊ ಕಾಯ್ದೆಯೂ ಬೀಳುತ್ತದೆ. ಇಲ್ಲಿ ಜಾಸ್ತಿ ಜನ ಎಡವುವುದು ಸಾಕ್ಷಿಯ ವಿಷಯದಲ್ಲಿ. ಸ್ಕ್ರೀನ್‌ಶಾಟ್ ತೆಗೆದು ನಾಲ್ಕು ಜನಕ್ಕೆ "ನೋಡಿ ಎಂಥ ಕಾಲ" ಎಂದು ಕಳಿಸಿದರೆ ನೀವೂ ಹಂಚಿದಂತೆಯೇ ಅಲ್ವಾ? ಅದರ ಬದಲು ಕಳಿಸಿದವರ ನಂಬರ್, ಹೊತ್ತು, ಗ್ರೂಪಿನ ಹೆಸರು ಚೀಟಿಯಲ್ಲಿ ಬರೆದಿಡಿ. ಸರ್ಕಾರದ cybercrime.gov.in ತಾಣದಲ್ಲಿ ದೂರು ಕೊಡಿ. ಮಕ್ಕಳ ವಿಷಯಕ್ಕೆ ಹೆಸರು ಹೇಳದೆಯೂ ಕೊಡಬಹುದು. ಶಿವಮೊಗ್ಗದಲ್ಲಿ ಸೈಬರ್ ಅಪರಾಧ ನೋಡಿಕೊಳ್ಳುವ ಸಿಇಎನ್ ಪೊಲೀಸ್ ಠಾಣೆಯೂ ಇದೆ.

ವಾಟ್ಸಾಪ್ ಸೆಟ್ಟಿಂಗ್ಸ್‌ನಲ್ಲಿ ಮೀಡಿಯಾ ಆಟೋ ಡೌನ್‌ಲೋಡ್ ಇವತ್ತೇ ಆಫ್ ಮಾಡಿ. ನಮ್ಮ ಗುಡ್ಡದ ನೆಟ್‌ವರ್ಕಿಗೂ ಅದೇ ಒಳ್ಳೆಯದು.

ನಿಮ್ಮದೇ ಖಾಸಗಿ ಫೋಟೋ ಹಿಡಿದು ಯಾರಾದರೂ ಹೆದರಿಸುತ್ತಿದ್ದರೆ ದುಡ್ಡು ಕೊಡಬೇಡಿ, ಚಾಟ್ ಅಳಿಸಬೇಡಿ. 18 ದಾಟಿದವರಿಗೆ, ಅಂಥ ಫೋಟೋ ಆನ್‌ಲೈನ್‌ನಲ್ಲಿ ಹರಡದಂತೆ ತಡೆಯಲು ಸ್ಟಾಪ್ ಎನ್‌ಸಿಐಐ (StopNCII) ಎಂಬ ಉಚಿತ ಸೇವೆ ಇದೆ. ಫೋಟೋ ನಿಮ್ಮ ಫೋನಿನಲ್ಲೇ ಉಳಿಯುತ್ತದೆ, ಅದರ ಗುರುತಿನ ಕೋಡ್ ಮಾತ್ರ ಫೇಸ್‌ಬುಕ್, ಇನ್‌ಸ್ಟಾಗ್ರಾಂನಂಥ ಕಂಪನಿಗಳಿಗೆ ಹೋಗುತ್ತದೆ.